ಗೈಡ್ ಇಲ್ದೆ ಫೋನ್ ಹಿಡಿದು ಊರು ನಡೆದು ನೋಡೋದು ಹೇಗೆ: ರೂಟ್ ಹಾಕೋದ್ರಿಂದ ಹಿಡಿದು ನಡೆದು ಮುಗಿಸೋವರೆಗೆ

ಹೊಸ ಊರಿಗೆ ಹೋಗೋ ಮುಂಚೆ ನಾವೆಲ್ಲ ಮಾಡೋದು ಒಂದೇ ಕೆಲಸ, ಗೂಗಲ್ ಮ್ಯಾಪ್ಸ್ ತೆಗೆದು ನೋಡ್ಬೇಕು ಅನ್ಸಿದ ಜಾಗಕ್ಕೆಲ್ಲ ಒಂದೊಂದು ಸ್ಟಾರ್ ಹಾಕಿ ಸೇವ್ ಮಾಡ್ಕೊಳೋದು, ಆಮೇಲೆ ಅಲ್ಲಿ ಇಳಿದ್ಮೇಲೆ ಒಂದು ಸ್ಟಾರಿಂದ ಇನ್ನೊಂದಕ್ಕೆ ಡೈರೆಕ್ಷನ್ಸ್ ಒತ್ತಿ ನೀಲಿ ಗೆರೆ ಹಿಡ್ಕೊಂಡು ನಡೆಯೋದು. ನಾನೂ ವರ್ಷಗಟ್ಲೆ ಹೀಗೇ ಸುತ್ತಿದೀನಿ. ಸಂಜೆ ರೂಮಿಗೆ ಬಂದು ಕೂತು ಏನೇನು ನೋಡ್ದೆ ಅಂತ ನೆನೆಸ್ಕೊಂಡ್ರೆ ಎಂಟ್ಹತ್ತು ಕಟ್ಟಡ ಕಣ್ಮುಂದೆ ಬರ್ತಿತ್ತು, ಅವುಗಳ ಮಧ್ಯ ಇದ್ದ ಊರು ಮಾತ್ರ ಏನೂ ಬರ್ತಿರ್ಲಿಲ್ಲ. ಬರೋದಾದ್ರೂ ಹೇಗೆ, ಆ ದಾರಿ ಉದ್ದಕ್ಕೂ ಕಣ್ಣು ಇದ್ದಿದ್ದು ಸ್ಕ್ರೀನ್ ಮೇಲೆ. ಜೊತೆಗೆ ಆ್ಯಪ್ ತೋರ್ಸೋದು ಹತ್ತಿರದ ದಾರಿ, ಚೆಂದದ ದಾರಿ ಅಲ್ಲ, ಬಹಳ ಸಲ ಅದು ಗಾಡಿಗಳು ಓಡಾಡೋ ದೊಡ್ಡ ರಸ್ತೆನೇ ಆಗಿರುತ್ತೆ, ಅದರ ಪಕ್ಕದಲ್ಲೇ ಸಮಾನಾಂತರವಾಗಿ ಹೋಗೋ ಹಳೇ ಓಣಿ ಎರಡು ನಿಮಿಷ ಜಾಸ್ತಿ ಅನ್ನೋ ಕಾರಣಕ್ಕೆ ನಿಮಗೆ ಕಾಣಿಸೋದೇ ಇಲ್ಲ.

ಅದಕ್ಕೇ ಮೊದ್ಲೇ ಹೇಳ್ಬಿಡ್ತೀನಿ, ಜಾಗ ಆರಿಸೋಕೆ ಹತ್ತು ನಿಮಿಷ ಸಾಕು, ಜಾಗಗಳ ಮಧ್ಯದ ಬೀದಿಗಳನ್ನ ಆರಿಸೋಕೆ ಒಂದು ಸಂಜೆ ಕೊಡಿ. ಕೆಳಗೆ ಬರೆದಿರೋ ಎಲ್ಲಾ ಸ್ಟೆಪ್ಸೂ ಇದೇ ಕೆಲಸಕ್ಕೆ.

ಸ್ಟೆಪ್ 1: ರೆಡಿಮೇಡ್ ಟೂರಾ, ನೀವೇ ಮಾಡ್ಕೊಳೋದಾ

ರೆಡಿಮೇಡ್ ಬೇಕು ಅಂದ್ರೆ ಆಯ್ಕೆ ಚೆನ್ನಾಗೇ ಇದೆ. ವಾಯ್ಸ್‌ಮ್ಯಾಪ್ ಅನ್ನೋ ಆ್ಯಪ್‌ನಲ್ಲಿ ಟೂರ್ ಮೊದ್ಲೇ ಡೌನ್‌ಲೋಡ್ ಮಾಡ್ಕೊಂಡ್ರೆ ನೆಟ್ ಇಲ್ದೇನೂ ನಡೆಯುತ್ತೆ, ನೀವು ನಡೀತಾ ಇದ್ದ ಹಾಗೆ ಜಿಪಿಎಸ್ ನೋಡ್ಕೊಂಡು ಅದೇ ಮಾತಾಡೋಕೆ ಶುರು ಮಾಡುತ್ತೆ. ಇಜಿ ಟ್ರಾವೆಲ್‌ನಲ್ಲಿ ಮ್ಯೂಸಿಯಂಗಳು, ಊರಿನ ಸಂಸ್ಥೆಗಳು, ಜೊತೆಗೆ ಆಸಕ್ತಿ ಇರೋ ಸಾಮಾನ್ಯ ಜನ ಮಾಡಿ ಹಾಕಿರೋ ಟೂರ್‌ಗಳು ಸಿಗುತ್ವೆ, ಅದರಲ್ಲಿ ಬಹಳಷ್ಟು ಫ್ರೀ. ಯುರೋಪ್ ಕಡೆ ಹೋಗೋರಿಗೆ ಅಮೆರಿಕದ ಪ್ರವಾಸ ಲೇಖಕ ರಿಕ್ ಸ್ಟೀವ್ಸ್ ಅವರ ಆಡಿಯೋ ಯುರೋಪ್ ಅನ್ನೋ ಫ್ರೀ ಆ್ಯಪ್ ಇದೆ, ಅದು ಜಿಪಿಎಸ್ ನೋಡ್ಕೊಂಡು ಓಡಲ್ಲ, ಬರೀ ಆಡಿಯೋ, ಎಲ್ಲಿ ತಿರುಗ್ಬೇಕು ಅಂತ ಬಾಯಲ್ಲೇ ಹೇಳ್ತಾರೆ, ನೀವು ಬೇಕಾದಲ್ಲಿ ಆಡಿಯೋ ನಿಲ್ಸ್ಕೊಂಡು ನಡೀಬೇಕು. ನನಗೆ ಅದೇ ಒಂದು ಥರದಲ್ಲಿ ಇಷ್ಟ, ಯಾಕಂದ್ರೆ ಮ್ಯಾಪ್ ಮೇಲೆ ನಾವಿರೋ ಜಾಗ ತೋರ್ಸೋ ನೀಲಿ ಚುಕ್ಕಿ ಎಲ್ಲಿದೆ ಅಂತ ನೋಡೋ ಅವಶ್ಯಕತೆನೇ ಇಲ್ಲ.

ಒಂದು ಹಳೇ ವಿಷ್ಯ ಹೇಳ್ಬೇಕು ಇಲ್ಲಿ. ಮ್ಯೂಸಿಯಂನಲ್ಲಿ ಆಡಿಯೋ ಗೈಡ್ ಮೊದ್ಲು ಬಂದಿದ್ದು 1952ರಲ್ಲಿ, ಆಮ್‌ಸ್ಟರ್‌ಡ್ಯಾಮ್‌ನ ಸ್ಟೆಡೆಲಿಕ್ ಮ್ಯೂಸಿಯಂನಲ್ಲಿ. ಅದು ರೇಡಿಯೋ ಥರ ಪ್ರಸಾರ, ಕಿವಿಗೆ ಹಾಕ್ಕೊಂಡವರೆಲ್ಲ ಒಂದೇ ಹೊತ್ತಿಗೆ ಒಂದೇ ಮಾತು ಕೇಳ್ಬೇಕು, ಒಂದೇ ಹೊತ್ತಿಗೆ ಮುಂದಿನ ಚಿತ್ರಕ್ಕೆ ಹೋಗ್ಬೇಕು. ಇವತ್ತು ನಮ್ಮ ಕೈಲಿ ಇರೋ ದೊಡ್ಡ ಸೌಕರ್ಯ ಅಂದ್ರೆ ಆಡಿಯೋನ ಬೇಕಾದಲ್ಲಿ ತಡೆದು ನಿಲ್ಸೋ ಬಟನ್ನು. ಒಂದು ಕಿಟಕಿ ಕೆಳಗೆ ಕಾಲು ಗಂಟೆ ನಿಲ್ಬೇಕು ಅನ್ಸಿದ್ರೆ ನಿಲ್ಲಿ, ಯಾರೂ ಕಾಯ್ತಾ ಇಲ್ಲ.

ರೆಡಿಮೇಡ್ ತಗೊಳೋದಾದ್ರೆ ಎರಡು ಚೆಕ್ ಮಾಡಿ: ಟೂರ್ ಯಾವಾಗ ಅಪ್‌ಡೇಟ್ ಆಗಿದೆ, ಮತ್ತೆ ಮೊದಲ ಎರಡು ನಿಮಿಷದ ಸ್ಯಾಂಪಲ್ ಕೇಳಿದ್ರೆ ಆ ದನಿ ಮೂರು ಗಂಟೆ ಕಿವಿಯಲ್ಲಿ ಇರ್ಬೋದಾ. ಇನ್ನೊಂದು ಕೊರತೆ ಅಂದ್ರೆ ಕನ್ನಡದಲ್ಲಿ ಇಂಥ ಟೂರ್ ಸಿಗೋದು ಬಹಳ ಕಮ್ಮಿ. ಮನೇಲಿ ಅಪ್ಪ ಅಮ್ಮನ್ನ ಕರ್ಕೊಂಡು ಹೋಗೋರಿಗೆ ಇದು ದೊಡ್ಡ ಸಮಸ್ಯೆ, ಅದಕ್ಕೇ ನೀವೇ ಮಾಡ್ಕೊಳೋ ದಾರಿ ನಾನು ಜಾಸ್ತಿ ಹೇಳ್ತೀನಿ, ಆಡಿಯೋನೂ ಕನ್ನಡದಲ್ಲೇ ಮಾಡ್ಕೋಬೋದು, ಅದು ಸ್ಟೆಪ್ 5ರಲ್ಲಿ ಬರುತ್ತೆ.

ಸ್ಟೆಪ್ 2: ಊರಿನ ಮ್ಯಾಪ್ ಓದೋದು

ಇದು ನನಗೆ ತುಂಬಾ ಇಷ್ಟದ ಕೆಲಸ, ಇದನ್ನ ಬಿಟ್ಟು ಯಾರೂ ರೂಟ್ ಹಾಕ್ಬಾರ್ದು ಅನ್ಸುತ್ತೆ. ಟಾಪ್ ಟೆನ್ ಲಿಸ್ಟ್ ನೋಡೋ ಮುಂಚೆ ಲ್ಯಾಪ್‌ಟಾಪ್‌ನಲ್ಲಿ ಮ್ಯಾಪ್ ತೆಗೆದು, ಹೆಸರುಗಳನ್ನೆಲ್ಲ ಪಕ್ಕಕ್ಕಿಟ್ಟು, ಬರೀ ಬೀದಿಗಳ ಆಕಾರ ನೋಡಿ. ನೇರ ಚೌಕಟ್ಟು ಹಾಕಿದ ಥರ ಬೀದಿಗಳು ಇದ್ರೆ ಅದು ಯಾರೋ ಕೂತು ಪ್ಲ್ಯಾನ್ ಮಾಡಿದ ಭಾಗ. ಅಂಕುಡೊಂಕು, ಕಿರಿದು, ಒಂದಕ್ಕೊಂದು ಸಂಬಂಧ ಇಲ್ದಿರೋ ಹಾಗೆ ಹೋಗೋ ಬೀದಿಗಳು ಇದ್ರೆ ಬಹಳ ಮಟ್ಟಿಗೆ ಹಳೇ ಊರು ಅದೇ. ಹಳೇ ಊರಿನ ಸುತ್ತ ಬಳೆ ಥರ ಒಂದು ಅಗಲದ ರಸ್ತೆ ಸುತ್ತಿದ್ರೆ ಅಲ್ಲಿ ಕೋಟೆ ಗೋಡೆ ಇತ್ತೇನೋ ಅಂತ ಅನುಮಾನ ಪಡಿ. ವಿಯೆನ್ನಾದ ರಿಂಗ್‌ಸ್ಟ್ರಾಸೆ ಆಗಿದ್ದು ಹಾಗೇ, 1857ರಲ್ಲಿ ಚಕ್ರವರ್ತಿ ಫ್ರಾನ್ಸ್ ಜೋಸೆಫ್ ಗೋಡೆ ಕೆಡವೋಕೆ ಆಜ್ಞೆ ಕೊಟ್ಟ, ಆ ಜಾಗದಲ್ಲಿ ರಸ್ತೆ ಬಂತು.

ರೋಮ್‌ನ ಪಿಯಾಟ್ಸಾ ನವೋನಾನ ಸ್ಯಾಟಲೈಟ್ ವ್ಯೂನಲ್ಲಿ ಒಮ್ಮೆ ತೆಗೆದು ನೋಡಿ, ಈಗ್ಲೇ ನೋಡಿ. ಉದ್ದಕ್ಕೆ ಇದೆ, ಒಂದು ತುದಿ ಕಮಾನಿನ ಥರ ದುಂಡಗೆ ತಿರುಗುತ್ತೆ, ಇನ್ನೊಂದು ತುದಿ ಹೆಚ್ಚುಕಮ್ಮಿ ನೇರ. ಚೌಕಕ್ಕೆ ಯಾಕೆ ಈ ಆಕಾರ ಅಂದ್ರೆ ಅದು 1ನೇ ಶತಮಾನದಲ್ಲಿ ಡೊಮಿಷಿಯನ್ ಚಕ್ರವರ್ತಿ ಕಟ್ಟಿಸಿದ ಓಟದ ಸ್ಟೇಡಿಯಂ, ಜನ ಕೂರೋ ಮೆಟ್ಟಿಲು ಇದ್ದ ಜಾಗದ ಮೇಲೇ ಮನೆಗಳು ಎದ್ವು, ಓಡೋ ಜಾಗ ಖಾಲಿ ಉಳೀತು. ಇದು ಗೊತ್ತಿದ್ದು ಅಲ್ಲಿಗೆ ಹೋದವರು ಮಧ್ಯದ ಕಾರಂಜಿ ಮುಂದೆ ಫೋಟೋ ತೆಗೆದು ವಾಪಸ್ ಬರಲ್ಲ, ಆ ದುಂಡಗಿನ ತುದಿ ತನಕ ನಡೆದು, ಕಟ್ಟಡಗಳು ಹೇಗೆ ಬಾಗಿ ನಿಂತಿವೆ ಅಂತ ನೋಡಿ, ಹಿಂದಿನ ಬೀದಿಗೂ ಹೋಗಿ ಕೆಳಗೆ ಉಳಿದಿರೋ ಹಳೇ ಕಲ್ಲಿನ ಕಮಾನು ನೋಡ್ಕೊಂಡು ಬರ್ತಾರೆ.

ಹೆಸರುಗಳೂ ಅಷ್ಟೇ. ಲಂಡನ್‌ನ ಫ್ಲೀಟ್ ಸ್ಟ್ರೀಟ್‌ಗೆ ಹೆಸರು ಕೊಟ್ಟ ಫ್ಲೀಟ್ ನದಿ ಈಗ್ಲೂ ಹರೀತಿದೆ, ನೆಲದ ಕೆಳಗೆ. ನ್ಯೂಯಾರ್ಕ್‌ನ ವಾಲ್ ಸ್ಟ್ರೀಟ್ ಇರೋದು 1653ರಲ್ಲಿ ಡಚ್ಚರು ಕಟ್ಟಿದ ಗೋಡೆ ಇದ್ದ ಜಾಗದಲ್ಲಿ. ನೀವು ಹೋಗೋ ಊರಲ್ಲೂ ಗೇಟು, ಕೆರೆ, ಸೇತುವೆ, ಬಂದರು, ಸಂತೆ ಅನ್ನೋ ಅರ್ಥದ ಹೆಸರುಗಳನ್ನ ಹುಡುಕಿ, ಈಗ ಅಲ್ಲಿ ಗೇಟೂ ಇಲ್ಲ ಕೆರೆನೂ ಇಲ್ಲ ಅಂದ್ರೆ ಅದೇ ನಿಮ್ಮ ಮೊದಲ ಕಥೆ. ಗೂಗಲ್ ಟ್ರಾನ್ಸ್‌ಲೇಟ್‌ಗೆ ಬೀದಿ ಹೆಸರು ಹಾಕಿದ್ರೆ ಅರ್ಧ ಕೆಲಸ ಆಯ್ತು. ಇನ್ನರ್ಧಕ್ಕೆ ವಿಕಿಪೀಡಿಯ ಇದೆ, ವಿಕಿವಾಯೇಜ್ ಅನ್ನೋ ಪ್ರವಾಸ ಗೈಡ್ ಇದೆ, ಹಳೇ ಫೋಟೋಗಳಿಗೆ ವಿಕಿಮೀಡಿಯ ಕಾಮನ್ಸ್ ಇದೆ. ನೂರು ವರ್ಷದ ಹಿಂದಿನ ಫೋಟೋ ಒಂದು ಸೇವ್ ಮಾಡ್ಕೊಂಡು, ಅದೇ ಜಾಗದಲ್ಲಿ ನಿಂತು, ಫೋನ್ ಎತ್ತಿ ಹಿಡಿದು ಎದುರಿಗಿರೋದ್ರ ಜೊತೆ ಹೋಲಿಸಿ ನೋಡೋದಿದ್ಯಲ್ಲ, ಅದಕ್ಕೆ ಯಾವ ಆಡಿಯೋನೂ ಸಮ ಇಲ್ಲ.

ಇಷ್ಟು ಮಾಡಿದ್ಮೇಲೆ ಥೀಮ್ ತಾನಾಗೇ ಸಿಗುತ್ತೆ. ನೀರು, ಹಳೇ ಗೋಡೆ, ಮಾರ್ಕೆಟ್ಟು, ಬಾಗಿಲುಗಳು, ಯಾವ್ದೋ ಒಬ್ಬ ಲೇಖಕ ಇದ್ದ ಓಣಿ, ಏನಾದ್ರೂ ಆಗ್ಬೋದು, ಆದ್ರೆ ಒಂದು ನಡಿಗೆಗೆ ಒಂದೇ ಥೀಮ್ ಇರ್ಲಿ.

ಸ್ಟೆಪ್ 3: ಗೆರೆ ಎಳೆಯೋದು

ಎಷ್ಟು ಉದ್ದ ಇರ್ಬೇಕು? ಬಾಸ್ಟನ್‌ನಲ್ಲಿ 1951ರಲ್ಲಿ ಶುರುವಾದ ಫ್ರೀಡಮ್ ಟ್ರೇಲ್ ಅಂತ ಇದೆ, ಫುಟ್‌ಪಾತ್ ಮೇಲೇ ಕೆಂಪು ಗೆರೆ, ಅದನ್ನ ಹಿಡ್ಕೊಂಡು ಹೋದ್ರೆ 16 ಚಾರಿತ್ರಿಕ ಜಾಗ, ಉದ್ದ ಸುಮಾರು 4 ಕಿ.ಮೀ. ಜರ್ಮನಿಯ ಹ್ಯಾನೋವರ್‌ನಲ್ಲೂ ಅಂಥದೇ ಕೆಂಪು ಗೆರೆ ಇದೆ, 36 ಜಾಗ, 4.2 ಕಿ.ಮೀ. ಜಾಗ ಎಷ್ಟೇ ಇದ್ರೂ ಎರಡು ಊರೂ ಬಂದು ನಿಂತಿದ್ದು 4 ಕಿ.ಮೀ. ಹತ್ರ. ನಿಮ್ಮ ಗೆರೆನೂ 3ರಿಂದ 5 ಕಿ.ಮೀ. ಒಳಗೆ ಇಟ್ಕೊಳಿ.

ಸಮಯದ ಲೆಕ್ಕ ಹೀಗೆ. ಸಮತಟ್ಟಾದ ಜಾಗದಲ್ಲಿ ಗಂಟೆಗೆ 5 ಕಿ.ಮೀ. ಅಂತ ಆ್ಯಪ್‌ಗಳು ಹೆಚ್ಚುಕಮ್ಮಿ ಲೆಕ್ಕ ಹಾಕುತ್ವೆ. ಗುಡ್ಡದ ಊರಾದ್ರೆ 1892ರಲ್ಲಿ ನೈಸ್ಮಿತ್ ಅನ್ನೋ ಸ್ಕಾಟ್ಲೆಂಡ್‌ನ ಪರ್ವತಾರೋಹಿ ಹೇಳಿದ ಲೆಕ್ಕ ಇವತ್ತಿಗೂ ಉಪಯೋಗಕ್ಕೆ ಬರುತ್ತೆ, ಹತ್ತೋ ಪ್ರತಿ 600 ಮೀಟರ್ ಎತ್ತರಕ್ಕೆ ಒಂದು ಗಂಟೆ ಸೇರಿಸಿ, ಅಂದ್ರೆ 60 ಮೀಟರ್ ಹತ್ತಿದ್ರೆ 6 ನಿಮಿಷ. ಅದು ಬೆಟ್ಟ ಹತ್ತೋ ಅಭ್ಯಾಸ ಇರೋರ ಲೆಕ್ಕ, ವಯಸ್ಸಾದವರು ಜೊತೆಗಿದ್ರೆ ಎರಡರಷ್ಟು ಇಟ್ಕೊಳಿ. 4 ಕಿ.ಮೀ. ಅಂದ್ರೆ 48 ನಿಮಿಷ, 8 ಕಡೆ ನಿಲ್ತೀರಿ ಅಂದ್ರೆ ಹತ್ತತ್ತು ನಿಮಿಷದ ಹಾಗೆ 80 ನಿಮಿಷ, ಸಿಗ್ನಲ್ಲು, ಕೂರೋದು, ಟಾಯ್ಲೆಟ್ಟು, ದಾರಿ ತಪ್ಪೋದು ಎಲ್ಲಾ ಸೇರಿ ಇನ್ನೊಂದು ಮುಕ್ಕಾಲು ಗಂಟೆ. ಒಟ್ಟು ಮೂರು ಗಂಟೆ ಹತ್ರ. 8 ಜಾಗಕ್ಕಿಂತ ಜಾಸ್ತಿ ಹಾಕೋಕೆ ಹೋಗ್ಬೇಡಿ.

ಈಗ ಲ್ಯಾಪ್‌ಟಾಪ್‌ನಲ್ಲಿ ಗೂಗಲ್ ಮೈ ಮ್ಯಾಪ್ಸ್ ತೆಗೀರಿ, ನಮ್ಮದೇ ಪಿನ್ನು, ಗೆರೆ ಹಾಕಿ ಮ್ಯಾಪ್ ಮಾಡ್ಕೊಳೋ ಟೂಲ್ ಅದು. ಜಾಗಗಳಿಗೆ ಪಿನ್ ಹಾಕಿ, ಆಮೇಲೆ ಗೆರೆ ಎಳೆಯೋ ಟೂಲ್‌ನಲ್ಲಿ ನಡಿಗೆ ದಾರಿ ಅನ್ನೋದು ಆರಿಸಿ, ಒಂದು ಪಿನ್ನಿಂದ ಇನ್ನೊಂದು ಪಿನ್ನಿಗೆ ಸೀದಾ ಒತ್ತಬೇಡಿ, ನಿಮಗೆ ಯಾವ ಬೀದಿ ಬೇಕೋ ಆ ಬೀದಿಯ ತಿರುವುಗಳ ಮೇಲೆ ಒಂದೊಂದೇ ಒತ್ತುತ್ತಾ ಹೋಗಿ. ಅನುಮಾನ ಬಂದ ಬೀದಿಗೆ ಸ್ಟ್ರೀಟ್ ವ್ಯೂ ಹಾಕಿ ನೋಡಿ. ಫುಟ್‌ಪಾತ್ ಇದ್ಯಾ, ಮೆಟ್ಟಿಲು ಇದ್ಯಾ, ಎರಡೂ ಕಡೆ ಬರೀ ಕಾಂಪೌಂಡ್ ಗೋಡೆನಾ, ಸಂಜೆ ಹೊತ್ತು ಲೈಟ್ ಕಂಬ ಇದ್ಯಾ, ಎಲ್ಲಾ ಅಲ್ಲೇ ಗೊತ್ತಾಗುತ್ತೆ. ವೀಲ್‌ಚೇರ್ ಅಥವಾ ಮಗುವಿನ ಗಾಡಿ ಜೊತೆಗಿದ್ರೆ ವೀಲ್‌ಮ್ಯಾಪ್ ಅನ್ನೋದು ಒಳ್ಳೇದು, ಯಾವ ಜಾಗಕ್ಕೆ ಮೆಟ್ಟಿಲಿಲ್ದೆ ಹೋಗ್ಬೋದು ಅಂತ ಜನರೇ ಗುರುತು ಹಾಕಿರ್ತಾರೆ.

ಗೆರೆ ಎಳೆಯುವಾಗ ಬಿಸಿಲಿನ ದಿಕ್ಕೂ ನೋಡ್ಕೊಳಿ, ಯಾರೂ ನೋಡಲ್ಲ ಇದನ್ನ. ಯುರೋಪಿನ ಹಳೇ ಕೆಥೆಡ್ರಲ್‌ಗಳ ಮುಂಬಾಗಿಲು ಸಾಮಾನ್ಯವಾಗಿ ಪಶ್ಚಿಮಕ್ಕೆ ಇರುತ್ತೆ, ಬೆಳಗ್ಗೆ ಹೋದ್ರೆ ಕೆತ್ತನೆ ಎಲ್ಲಾ ನೆರಳಲ್ಲಿ, ಮಧ್ಯಾಹ್ನದ ಮೇಲೆ ಹೋದ್ರೆ ಒಂದೊಂದು ಮುಖನೂ ಬೆಳಗ್ತಿರುತ್ತೆ. ಪೂರ್ವಕ್ಕೆ ಮುಖ ಮಾಡಿರೋ ದೇವಸ್ಥಾನಗಳಿಗೆ ಇದು ಉಲ್ಟಾ. ಬರೀ ಈ ಒಂದು ಕಾರಣಕ್ಕೆ ನಾನು ಇಡೀ ರೂಟನ್ನ ತಿರುಗಿಸಿ, ಕೊನೆ ಜಾಗನ ಮೊದಲಿಗೆ ತಂದಿರೋದೂ ಉಂಟು.

ರಜೆ ದಿನ ಚೆಕ್ ಮಾಡಿ. ಬಹಳ ಊರಲ್ಲಿ ಮ್ಯೂಸಿಯಂಗೆ ಸೋಮವಾರ ರಜೆ, ಪ್ಯಾರಿಸ್‌ನ ಲೂವ್ರ್‌ಗೆ ಮಂಗಳವಾರ. ಕೊನೆಯ ಪಾಯಿಂಟು ಬಸ್ಸೋ ಮೆಟ್ರೋನೋ ಸಿಗೋ ಕಡೆ, ಕೂರೋಕೆ ಜಾಗ ಇರೋ ಕಡೆ ಇರ್ಲಿ.

ಸ್ಟೆಪ್ 4: ಆಫ್‌ಲೈನ್ ಮಾಡ್ಕೊಳೋದು, ಇಲ್ಲೇ ಬಹಳ ಜನ ಸಿಕ್ಕಿ ಹಾಕ್ಕೊಳೋದು

ಗೂಗಲ್ ಮ್ಯಾಪ್ಸ್‌ನಲ್ಲಿ ಏರಿಯಾ ಡೌನ್‌ಲೋಡ್ ಮಾಡ್ಕೊಂಡ್ರೆ ಎಲ್ಲಾ ಮುಗೀತು ಅಂತ ಅಂದ್ಕೊಂಡಿರ್ತೀವಿ. ಆದ್ರೆ ಅದರ ಆಫ್‌ಲೈನ್ ಮ್ಯಾಪ್ ಕೊಡೋದು ಗಾಡಿ ದಾರಿ ಮಾತ್ರ, ನಡಿಗೆ ದಾರಿ ನೆಟ್ ಇಲ್ದೆ ಸಿಗಲ್ಲ. ಇನ್ನೊಂದು, ಮೈ ಮ್ಯಾಪ್ಸ್‌ನಲ್ಲಿ ನೀವು ಕಷ್ಟಪಟ್ಟು ಎಳೆದ ಗೆರೆನೂ ಆಫ್‌ಲೈನ್‌ನಲ್ಲಿ ತೆರೆಯಲ್ಲ. ನನ್ನ ಗೆಳತಿ ಒಬ್ಳು ನೆಟ್ ಇಲ್ದಿರೋ ಊರಲ್ಲಿ ಇಳಿದು, ಮೂರು ಸಂಜೆ ಕೂತು ಮಾಡಿದ್ದ ಮ್ಯಾಪ್ ತೆಗೆದ್ರೆ ಬಿಳಿ ಸ್ಕ್ರೀನ್, ಫೋನ್ ಮಾಡಿ ಅಳೋದೊಂದು ಬಾಕಿ.

ಇದಕ್ಕೆ ಪರಿಹಾರ ಸುಲಭ. ಮೈ ಮ್ಯಾಪ್ಸ್ ಮೆನುವಿನಲ್ಲಿ ಎಕ್ಸ್‌ಪೋರ್ಟ್ ಅಂತ ಇರುತ್ತೆ, ಕೆಎಂಎಲ್ ಫೈಲ್ (ಪಿನ್ನು, ಗೆರೆ ಎಲ್ಲಾ ಇರೋ ಮ್ಯಾಪ್ ಫೈಲ್) ಇಳಿಸ್ಕೊಳಿ. ಫೋನ್‌ನಲ್ಲಿ ಆರ್ಗ್ಯಾನಿಕ್ ಮ್ಯಾಪ್ಸ್ ಹಾಕ್ಕೊಳಿ, ಫ್ರೀ, ಜಾಹೀರಾತು ಇಲ್ಲ, ಆ ಊರು ಇರೋ ಪ್ರದೇಶದ ಮ್ಯಾಪ್ ಡೌನ್‌ಲೋಡ್ ಮಾಡಿ, ಆಮೇಲೆ ಆ ಕೆಎಂಎಲ್ ಫೈಲನ್ನ ಅದರಲ್ಲಿ ತೆರೀರಿ. ನಿಮ್ಮ ಪಿನ್ನೂ ಗೆರೆನೂ ಎರಡೂ ಬಂದು ಕೂರುತ್ವೆ, ನೆಟ್ ಇಲ್ದೇನೇ ನಡಿಗೆ ದಾರಿನೂ ತೋರ್ಸುತ್ತೆ. ಇನ್ನೂ ಜಾಸ್ತಿ ಸೆಟ್ಟಿಂಗ್ಸ್ ಬೇಕು ಅನ್ನೋರಿಗೆ ಓಸ್ಮ್ಯಾಂಡ್ ಇದೆ, ಕಲಿಯೋಕೆ ಸ್ವಲ್ಪ ಟೈಮ್ ಬೇಕು. ಎರಡೂ ಓಪನ್‌ಸ್ಟ್ರೀಟ್‌ಮ್ಯಾಪ್ ಡೇಟಾ ಮೇಲೆ ನಡೆಯೋವು, 2004ರಲ್ಲಿ ಇಂಗ್ಲೆಂಡ್‌ನಲ್ಲಿ ಶುರುವಾದ, ಜನರೇ ಸೇರಿ ಬರೆಯೋ ಮ್ಯಾಪ್ ಅದು. ಕಾಲುದಾರಿ, ಮೆಟ್ಟಿಲು, ಕುಡಿಯೋ ನೀರಿನ ನಲ್ಲಿ, ಬೆಂಚು, ಸಾರ್ವಜನಿಕ ಟಾಯ್ಲೆಟ್ಟು ಇಂಥವು ಅದರಲ್ಲಿ ಬಹಳ ಊರಲ್ಲಿ ಗೂಗಲ್‌ಗಿಂತ ಚೆನ್ನಾಗಿರುತ್ತೆ, ನಡೆಯೋರಿಗೆ ಬೇಕಾಗಿರೋದು ಅದೇ ತಾನೇ.

ಹೊರಡೋ ಹಿಂದಿನ ದಿನ ಮನೇಲೇ ಏರೋಪ್ಲೇನ್ ಮೋಡ್ ಹಾಕಿ ಎಲ್ಲಾ ತೆರೆದು ನೋಡಿ. ಮ್ಯಾಪ್ ಬಂತಾ, ಗೆರೆ ಬಂತಾ, ಆಡಿಯೋ ಓಡ್ತಾ, ಟಿಕೆಟ್ ಪಿಡಿಎಫ್ ತೆರೀತಾ. ಈ ಐದು ನಿಮಿಷದ ಟೆಸ್ಟ್ ದಯವಿಟ್ಟು ಬಿಡ್ಬೇಡಿ.

ಸ್ಟೆಪ್ 5: ನಿಮ್ಮದೇ ಕನ್ನಡ ಆಡಿಯೋ

ಪ್ರತಿ ಜಾಗಕ್ಕೆ ಒಂದೂವರೆ ಎರಡು ನಿಮಿಷದ ಮಾತು ಬರೆದು ಫೋನಿನ ವಾಯ್ಸ್ ರೆಕಾರ್ಡರ್‌ನಲ್ಲಿ ರೆಕಾರ್ಡ್ ಮಾಡ್ಕೊಳಿ. ಎರಡು ನಿಮಿಷ ದಾಟಿದ್ರೆ ನಿಂತು ಕೇಳೋರ ಗಮನ ಬೇರೆ ಕಡೆ ಹೋಗುತ್ತೆ, ಇದು ನಾನು ಮನೆಯವರ ಮುಖ ನೋಡಿ ಕಲ್ತಿದ್ದು. ಬರೆಯೋ ಕ್ರಮ ಮುಖ್ಯ. ಮೊದ್ಲು ಎಲ್ಲಿ ನಿಲ್ಬೇಕು, ಆಮೇಲೆ ಎಲ್ಲಿ ನೋಡ್ಬೇಕು, ಅದಾದ್ಮೇಲೆ ಕಥೆ, ಇಸವಿ ಎಲ್ಲಾ ಕೊನೆಗೆ. "ಈ ಕಟ್ಟಡ ಇಂಥ ವರ್ಷದಲ್ಲಿ ಇಂಥವರು ಕಟ್ಟಿಸಿದ್ದು" ಅಂತ ಶುರು ಮಾಡಿದ್ರೆ ಕೇಳೋರು ಯಾವ ಕಟ್ಟಡ ಅಂತ ಹುಡುಕ್ತಾ ಇರೋವಾಗ್ಲೇ ಮಾತು ಮುಗಿದಿರುತ್ತೆ. ಹೀಗೆ ಹೇಳಿ ನೋಡಿ: "ಅಮ್ಮಾ, ಸೇತುವೆ ಶುರುವಾಗೋ ಜಾಗದಲ್ಲಿ, ಎಡಗಡೆ ಫುಟ್‌ಪಾತ್ ಮೇಲೇ ನಿಂತ್ಕೋ. ಎದುರಿಗೆ ಮೂಲೆ ಮನೆ ಇದ್ಯಲ್ಲ, ಅದರ ಗೋಡೆ ಮೇಲೆ ನಿನ್ನ ಭುಜದ ಎತ್ತರಕ್ಕೆ ಒಂದು ಸಣ್ಣ ಗೆರೆ ಕೆತ್ತಿದಾರೆ, ಕಾಣ್ತಾ? ನದಿ ನೀರು ಒಂದ್ಸಲ ಅಲ್ಲಿ ತನಕ ಬಂದಿತ್ತು." ಇಷ್ಟು ಹೇಳಿ ಎರಡು ಸೆಕೆಂಡ್ ಸುಮ್ನಿರಿ, ರೆಕಾರ್ಡಿಂಗ್‌ನಲ್ಲೇ ಸುಮ್ನಿರಿ. ಆ ಗೆರೆ ಹತ್ರ ಹೋಗಿ ಭುಜ ತಾಗಿಸಿ ನೋಡೋಕೆ ಅವರಿಗೆ ಟೈಮ್ ಬೇಕು.

ಯಾವ ಫುಟ್‌ಪಾತ್ ಅನ್ನೋದು ಹೇಳೋದು ಮರೀಬೇಡಿ. ಒಂದ್ಸಲ ಒಂದು ರೆಡಿಮೇಡ್ ಟೂರ್‌ನಲ್ಲಿ "ನಿಮ್ಮ ಬಲಕ್ಕೆ ಇರೋ ಕಮಾನು" ಅಂತ ಬಂತು, ನಾನು ರಸ್ತೆಯ ಇನ್ನೊಂದು ಬದಿಯಲ್ಲಿ ಇದ್ದೆ, ನನ್ನ ಬಲಕ್ಕೆ ಇದ್ದಿದ್ದು ಒಂದು ಬ್ಯಾಂಕಿನ ಶಟರ್. ಅದನ್ನೇ ಕಮಾನು ಕಮಾನು ಅಂತ ಹುಡುಕ್ತಾ ನಿಂತಿದ್ದೆ, ಅಷ್ಟರಲ್ಲಿ ಆ ದನಿ ಮುಂದಿನ ಜಾಗಕ್ಕೆ ಹೋಗಿತ್ತು.

ಫೈಲ್‌ಗಳಿಗೆ 01, 02 ಅಂತ ನಂಬರ್ ಹಾಕಿ ಹೆಸರಿಡಿ, ಪಿನ್‌ಗಳಿಗೂ ಅದೇ ನಂಬರ್. ರೆಕಾರ್ಡ್ ಮಾಡೋಕೆ ಸಂಕೋಚ ಅನ್ನೋರು ಬರೆದ ಟೆಕ್ಸ್ಟನ್ನ ಫೋನಿನ ಕನ್ನಡ ಟೆಕ್ಸ್ಟ್ ಟು ಸ್ಪೀಚ್‌ನಲ್ಲಿ ಓದಿಸ್ಬೋದು, ಆದ್ರೆ ನಿಮ್ಮ ದನಿಯಲ್ಲಿ ಇದ್ರೆನೇ ಮನೆಯವರು ಕೊನೇವರೆಗೂ ಕೇಳ್ತಾರೆ.

ಸ್ಟೆಪ್ 6: ಹೊರಡೋ ಬೆಳಗ್ಗೆ

ಬ್ಯಾಟರಿ ತಿನ್ನೋದ್ರಲ್ಲಿ ಸ್ಕ್ರೀನೇ ದೊಡ್ಡದು, ಬಿಸಿಲಲ್ಲಿ ಬ್ರೈಟ್‌ನೆಸ್ ಪೂರ್ತಿ ಏರುತ್ತೆ ಅಂತ ನೆನಪಿರ್ಲಿ. 10,000 ಎಂಎಎಚ್ ಪವರ್‌ಬ್ಯಾಂಕ್ ಒಂದಿದ್ರೆ ದಿನ ಕಳೆಯುತ್ತೆ. ವಿಮಾನದಲ್ಲಿ ಹೋಗೋರು ಅದನ್ನ ಕೈಚೀಲದಲ್ಲೇ ಇಟ್ಕೋಬೇಕು, ಚೆಕ್ ಇನ್ ಬ್ಯಾಗ್‌ಗೆ ಹಾಕೋ ಹಾಗಿಲ್ಲ, 100 ವ್ಯಾಟ್ ಅವರ್ (ಬ್ಯಾಟರಿ ಹಿಡಿಯೋ ಶಕ್ತಿಯ ಅಳತೆ) ಒಳಗಿದ್ರೆ ಸಾಮಾನ್ಯವಾಗಿ ಪರ್ಮಿಷನ್ ಬೇಕಿಲ್ಲ, 10,000ದ್ದು ಸುಮಾರು 37 ವ್ಯಾಟ್ ಅವರ್ ಅಷ್ಟೇ. ಐಫೋನ್ 0ಯಿಂದ 35 ಡಿಗ್ರಿ ಒಳಗೆ ಬಳಸೋಕೆ ಅಂತ ಆ್ಯಪಲ್ ಹೇಳುತ್ತೆ, ಬೇರೆ ಫೋನ್‌ಗಳೂ ಹತ್ತಿರತ್ತಿರ ಹಾಗೇ. ಸುಡು ಬಿಸಿಲಲ್ಲಿ ಕೈಲೇ ಹಿಡ್ಕೊಂಡಿದ್ರೆ ಸ್ಕ್ರೀನ್ ತಾನಾಗೇ ಮಂಕಾಗುತ್ತೆ, ಚಳಿ ಊರಲ್ಲಿ ಚಾರ್ಜ್ ದಡಕ್ಕನೆ ಇಳಿಯುತ್ತೆ. ಎರಡಕ್ಕೂ ಔಷಧಿ ಒಂದೇ, ಫೋನ್ ಒಳಜೇಬಲ್ಲಿ.

ರೂಮಿನ ವೈಫೈ ಇರೋವಾಗ್ಲೇ ಮ್ಯಾಪ್ ತೆರೆದು ಚುಕ್ಕಿ ಬರೋ ತನಕ ಕಾಯಿರಿ. ಏರೋಪ್ಲೇನ್ ಮೋಡ್‌ನಲ್ಲೂ ಜಿಪಿಎಸ್ ಕೆಲಸ ಮಾಡುತ್ತೆ, ಆದ್ರೆ ಉಪಗ್ರಹಗಳು ಎಲ್ಲಿವೆ ಅನ್ನೋ ಮಾಹಿತಿ ನೆಟ್‌ನಿಂದ ಬೇಗ ಸಿಗುತ್ತೆ, ನೆಟ್ ಇಲ್ದಿದ್ರೆ ಅದನ್ನ ಉಪಗ್ರಹದಿಂದ್ಲೇ ನಿಧಾನಕ್ಕೆ ಇಳಿಸ್ಕೋಬೇಕು.

ಮನೆಯವರಿಗೆ ವಾಟ್ಸ್ಆ್ಯಪ್‌ನಲ್ಲಿ ಲೈವ್ ಲೊಕೇಶನ್ 8 ಗಂಟೆಗೆ ಶೇರ್ ಮಾಡಿ, ಒಬ್ರೇ ಹೋಗೋರಂತೂ ಖಂಡಿತ ಮಾಡಿ. ಉಳ್ಕೊಂಡಿರೋ ಜಾಗದ ಅಡ್ರೆಸ್ ಒಂದು ಚೀಟಿಯಲ್ಲಿ ಬರೆದು ಪರ್ಸ್‌ನಲ್ಲಿ ಇಡಿ, ಫೋನ್ ಹೋದ್ರೆ ಅದೊಂದೇ ದಿಕ್ಕು.

ಸ್ಟೆಪ್ 7: ಬೀದಿಯಲ್ಲಿ

ಇಡೀ ನಡಿಗೆಯಲ್ಲಿ ಕಷ್ಟದ ಎರಡು ನಿಮಿಷ ಅಂದ್ರೆ ಮೆಟ್ರೋದಿಂದ ಮೇಲೆ ಬಂದ ಕ್ಷಣ. ನೆಲದ ಕೆಳಗೆ ಜಿಪಿಎಸ್ ಇರ್ಲಿಲ್ಲ, ಚುಕ್ಕಿ ಇನ್ನೂ ಹಳೇ ಜಾಗದಲ್ಲೇ ಕೂತಿರುತ್ತೆ, ಸುತ್ತ ಕಬ್ಬಿಣ ಇರೋದ್ರಿಂದ ಫೋನಿನ ದಿಕ್ಸೂಚಿನೂ ದಾರಿ ತಪ್ಪಿರುತ್ತೆ. ಆ ನೀಲಿ ಬಾಣ ನಂಬಿ ಹೊರಟ್ರೆ ಉಲ್ಟಾ ದಿಕ್ಕಿಗೆ ಹೋಗೋದು ಗ್ಯಾರಂಟಿ. ಒಂದು ಪಕ್ಕಕ್ಕೆ, ಗೋಡೆಗೆ ಬೆನ್ನು ಕೊಟ್ಟು ನಿಲ್ಲಿ. ಚುಕ್ಕಿ ಸುತ್ತ ತಿಳಿನೀಲಿ ವೃತ್ತ ದೊಡ್ಡದಾಗಿದ್ರೆ ಫೋನ್‌ಗೇ ಇನ್ನೂ ಗೊತ್ತಾಗಿಲ್ಲ ಅಂತ ಅರ್ಥ, ಅದು ಕುಗ್ಗೋ ತನಕ ಸುಮ್ನಿರಿ. ದಿಕ್ಕು ತೋರ್ಸೋ ಬೆಳಕಿನ ಕೋನ ಅಗಲವಾಗಿದ್ರೆ ಫೋನನ್ನ ಗಾಳಿಯಲ್ಲಿ ಎಂಟರ ಆಕಾರಕ್ಕೆ ಎರಡ್ಮೂರು ಸಲ ಆಡಿಸಿ, ಅದು ಕಿರಿದಾಗುತ್ತೆ. ಅದಕ್ಕಿಂತ ನಂಬಿಕಸ್ತ ಉಪಾಯ ಅಂದ್ರೆ ಯಾವ್ದಾದ್ರೂ ಒಂದು ಕಡೆ ಮೂವತ್ತು ಹೆಜ್ಜೆ ನಡೀರಿ, ಚುಕ್ಕಿ ಯಾವ ಕಡೆ ಜರುಗ್ತು ನೋಡಿ.

ಚುಕ್ಕಿ ಯಾಕೆ ಹೀಗೆ ಆಡುತ್ತೆ ಅಂತ ತಿಳ್ಕೊಂಡ್ರೆ ಗಾಬರಿ ಆಗಲ್ಲ. ಜಿಪಿಎಸ್ ಉಪಗ್ರಹಗಳು ಸುಮಾರು 20,200 ಕಿ.ಮೀ. ಎತ್ತರದಲ್ಲಿ ಇವೆ, ಕನಿಷ್ಠ ನಾಲ್ಕರ ಸಿಗ್ನಲ್ ಸಿಕ್ರೆ ಫೋನು ಅವು ಬಂದು ಮುಟ್ಟಿದ ಹೊತ್ತಿನ ಮೇಲೆ ದೂರ ಲೆಕ್ಕ ಹಾಕುತ್ತೆ. ತೆರೆದ ಬಯಲಲ್ಲಿ ಸುಮಾರು 5 ಮೀಟರ್ ಒಳಗೆ ಸರಿಯಾಗಿ ಹೇಳುತ್ತೆ. ಎತ್ತರದ ಕಟ್ಟಡಗಳ ಮಧ್ಯ ಸಿಗ್ನಲ್ ಸೀದಾ ಬರಲ್ಲ, ಗಾಜಿಗೋ ಗೋಡೆಗೋ ಬಡಿದು ಸುತ್ತಿ ಬರುತ್ತೆ, ಸೆಕೆಂಡಿನ ಕೋಟಿಯಲ್ಲೊಂದು ಭಾಗ ತಡ ಆದ್ರೂ ಸಾಕು, ದೂರದ ಲೆಕ್ಕದಲ್ಲಿ 30 ಮೀಟರ್ ಹೆಚ್ಚುಕಮ್ಮಿ ಆಗೋಯ್ತು. ಚುಕ್ಕಿ ಪಕ್ಕದ ಬೀದಿಗೆ ಹಾರೋದು ಇದಕ್ಕೇ. ಜಿಪಿಎಸ್ ನೋಡ್ಕೊಂಡು ಮಾತಾಡೋ ಆಡಿಯೋ ಟೂರ್ ಬೇಗನೇ ಶುರುವಾಗೋದು, ಆಗ್ದೇನೇ ಹೋಗೋದು ಕೂಡ ಇದಕ್ಕೇ, ಅಂಥ ಹೊತ್ತಲ್ಲಿ ಕೈಯಾರೆ ಪ್ಲೇ ಒತ್ತಿ. ಚುಕ್ಕಿ ಬಿಟ್ಟು ಬೀದಿ ಹೆಸರಿನ ಫಲಕ ಓದಿ, ಅದು ಹಾರಲ್ಲ.

ನಡೆಯೋವಾಗ ನಾನು ಪಾಲಿಸೋ ಒಂದೇ ಕಟ್ಟುಪಾಡು: ಕಾಲು ಆಡ್ತಿದ್ರೆ ಫೋನ್ ಜೇಬಲ್ಲಿ, ಫೋನ್ ಕೈಲಿದ್ರೆ ಕಾಲು ನಿಂತಿರ್ಬೇಕು. ಮುಂದಿನ ಎರಡು ತಿರುವು ನೋಡಿ ಬಾಯಿಪಾಠ ಮಾಡ್ಕೊಳಿ, "ಹಸಿರು ಗೋಪುರ ತನಕ ನೇರ, ಆಮೇಲೆ ಎಡಕ್ಕೆ ಮೆಟ್ಟಿಲು", ಅಷ್ಟು ಸಾಕು, ಜೇಬಿಗೆ ಹಾಕಿ ಹೊರಡಿ. ಕಳ್ಳರಿಗೂ ಬೇಕಾಗಿರೋದು ರಸ್ತೆ ಅಂಚಲ್ಲಿ ಸ್ಕ್ರೀನ್ ನೋಡ್ತಾ ನಡೆಯೋರೇ. ಇಯರ್‌ಫೋನ್ ಒಂದೇ ಕಿವಿಗೆ, ರಸ್ತೆ ಕಡೆಯ ಕಿವಿ ತೆರೆದಿರ್ಲಿ. ಸೈಕಲ್ಲು, ಟ್ರಾಮು ಶಬ್ದ ಮಾಡ್ದೇನೇ ಬರುತ್ವೆ. ಏನಾದ್ರೂ ತೊಂದರೆ ಆದ್ರೆ 112 ಒತ್ತಿ, ಯುರೋಪ್ ಪೂರ್ತಿ, ಭಾರತ, ಇನ್ನೂ ಬಹಳ ದೇಶಗಳಲ್ಲಿ ಅದು ನಡೆಯುತ್ತೆ, ಹೋಗೋ ದೇಶದ ನಂಬರ್ ಬೇರೆ ಇದ್ರೆ ಮೊದ್ಲೇ ಬರೆದಿಟ್ಕೊಳಿ.

ಕಿರಿದಾದ ಓಣಿಗಳಲ್ಲಿ ಜನ ವಾಸ ಮಾಡ್ತಿರ್ತಾರೆ, ಕಿಟಕಿ ಒಳಗೆ ಕ್ಯಾಮೆರಾ ಹಿಡೀಬೇಡಿ, ಸ್ಪೀಕರ್‌ನಲ್ಲಿ ಆಡಿಯೋ ಹಾಕ್ಬೇಡಿ. ಇಬ್ರು ಕೇಳ್ಬೇಕು ಅಂದ್ರೆ ಒಂದೊಂದು ಇಯರ್‌ಫೋನ್ ಹಂಚ್ಕೊಳಿ.

ಗೆರೆ ಬಿಟ್ಟು ಹೋಗ್ಬೇಕು ಅನ್ಸಿದ್ರೆ ಹೋಗಿ. ಗೆರೆ ಇರೋದು ವಾಪಸ್ ಬರೋಕೆ. ಒಂದು ಬಾಗಿಲು ತೆರೆದಿದೆ, ಒಳಗೆ ಅಂಗಳ ಕಾಣ್ತಿದೆ, ಯಾರೋ ಹಾಡ್ತಿದಾರೆ ಅಂದ್ರೆ ಮುಂದಿನ ಒಂದು ಪಿನ್ ಬಿಟ್ಬಿಡಿ, ಹಿಂದೆ ಮುಂದೆ ನೋಡ್ಬೇಡಿ. ಸುಸ್ತಾದ್ರೂ ಅಷ್ಟೇ. 8ರಲ್ಲಿ 5 ಜಾಗ ಚೆನ್ನಾಗಿ ನೋಡಿದ್ರೆ ಆ ನಡಿಗೆ ಪೂರ್ತಿ ಆದ ಹಾಗೇ.

ಸ್ಟೆಪ್ 8: ರೂಮಿಗೆ ಬಂದ್ಮೇಲೆ

ಹೊರಡೋವಾಗ ಆರ್ಗ್ಯಾನಿಕ್ ಮ್ಯಾಪ್ಸ್‌ನಲ್ಲೋ ಓಸ್ಮ್ಯಾಂಡ್‌ನಲ್ಲೋ ಟ್ರ್ಯಾಕ್ ರೆಕಾರ್ಡ್ ಆನ್ ಮಾಡಿದ್ರೆ ನೀವು ನಿಜವಾಗ್ಲೂ ನಡೆದ ಗೆರೆ ಉಳಿದಿರುತ್ತೆ. ಪ್ಲ್ಯಾನ್ ಮಾಡಿದ ಗೆರೆ ಪಕ್ಕ ಅದನ್ನ ಇಟ್ಟು ನೋಡಿ, ಎಲ್ಲೆಲ್ಲಿ ಬೇರೆ ಆಯ್ತು, ಯಾಕೆ ಆಯ್ತು ಅಂತ ಎರಡು ಸಾಲು ಬರೆದಿಡಿ. ಯಾವ ಬೀದಿ ಬೋರ್ ಹೊಡೀತು, ಎಲ್ಲಿ ನೆರಳಿರ್ಲಿಲ್ಲ, ಯಾವ ಮೆಟ್ಟಿಲಲ್ಲಿ ಅಮ್ಮನ ಮಂಡಿ ನೋವು ಬಂತು, ಇವೆಲ್ಲ ಎರಡು ದಿನ ಆದ್ರೆ ಮರೆತೋಗುತ್ತೆ.

ದಾರಿಯಲ್ಲಿ ಮುಚ್ಚಿಹೋದ ಕಾಲುದಾರಿ, ಮ್ಯಾಪ್‌ನಲ್ಲಿ ಇಲ್ದಿರೋ ನೀರಿನ ನಲ್ಲಿ ಸಿಕ್ಕಿದ್ರೆ ಓಪನ್‌ಸ್ಟ್ರೀಟ್‌ಮ್ಯಾಪ್‌ಗೆ ಸೇರಿಸಿ, ಆಂಡ್ರಾಯ್ಡ್‌ನಲ್ಲಿ ಸ್ಟ್ರೀಟ್‌ಕಂಪ್ಲೀಟ್ ಅನ್ನೋ ಆ್ಯಪ್ ಇದೆ, ಈ ಬೀದಿಗೆ ಲೈಟ್ ಇದ್ಯಾ, ಈ ಬೆಂಚಿಗೆ ಒರಗೋಕೆ ಇದ್ಯಾ ಅಂತ ಅದೇ ಸಣ್ಣ ಸಣ್ಣ ಪ್ರಶ್ನೆ ಕೇಳುತ್ತೆ, ನೀವು ಉತ್ತರ ಒತ್ತಿದ್ರೆ ಮುಗೀತು. ಆಮೇಲೆ ಸರಿ ಮಾಡಿದ ಗೆರೆ, 01ರಿಂದ 08ರವರೆಗಿನ ಆಡಿಯೋ ಫೈಲ್‌ಗಳು, ಆ ಎರಡು ಸಾಲಿನ ಟಿಪ್ಪಣಿ ಎಲ್ಲಾ ಒಂದು ಫೋಲ್ಡರ್‌ಗೆ ಹಾಕಿ, ಆ ಊರಿಗೆ ಮುಂದೆ ಯಾರು ಹೊರಟಿದಾರೋ ಅವರಿಗೆ ಕಳ್ಸಿ.